ಮೂಲೆಯಲ್ಲಿದ್ದ ತಾರೀಖು

ಅತ್ತೆ ದಿನವೂ ಎದ್ದು ಮೊದಲು ಒರೆಸುವುದು ನಡುಮನೆಯ ಕಪಾಟಿನಲ್ಲಿರುವ ಪ್ರಶಸ್ತಿ ಫಲಕವನ್ನು. ಎಳೆಯ ಹುಡುಗಿಯರ ಮದುವೆಯ ಬಗ್ಗೆ ಸಾಕ್ಷ್ಯಚಿತ್ರ ತೆಗೆದ ಅವರ ಮಗಳಿಗೆ, ಅಂದರೆ ನನ್ನ ನಾದಿನಿಗೆ, ಬಂದದ್ದು. ಮನೆಗೆ ಬಂದವರಿಗೆಲ್ಲ ತೋರಿಸುತ್ತಾರೆ. ಆ ವಾರ ಮಾತ್ರ ಅದನ್ನು ಹೊದಿಕೆಗಳ ಕೆಳಗೆ ತುರುಕಿಟ್ಟರು.

ಗಂಡಿನ ಕಡೆಯವರು ನನ್ನ ಮಗಳನ್ನು ನೋಡಲು ಬರುವವರಿದ್ದರು. ಅವಳಿಗೆ ಹದಿನೈದು.

"ನನ್ನ ಸಿನಿಮಾ ನೋಡಿ ಅತ್ತವಳು ನೀನೇ ಅಲ್ವೇನಮ್ಮಾ?" ಎಂದಳು ನಾದಿನಿ.

"ಅದು ಊರವರ ಮನೆ ಕಥೆ ಕಣೇ. ಒಳ್ಳೆ ಸಂಬಂಧ ಬಾಗಿಲಿಗೆ ಬಂದಾಗ ಕದ ಹಾಕ್ಕೊಳ್ತಾರಾ? ನಾನು ಹದಿನಾಲ್ಕಕ್ಕೆ ಈ ಮನೆಗೆ ಬಂದೆ. ಸತ್ತೋದ್ನಾ?"

"ಐದು ಹೆತ್ತು ಮೂರನ್ನ ಮಣ್ಣು ಮಾಡಿದೆ."

ಅತ್ತೆ ಬೆನ್ನು ತಿರುಗಿಸಿ ಪಾತ್ರೆಗಳನ್ನು ಸದ್ದು ಮಾಡುತ್ತ ಜೋಡಿಸತೊಡಗಿದರು. ನನ್ನ ಗಂಡ ಆಗಲೇ ಮಗಳಿಗೆ ಮೂರು ವರ್ಷ ಸೇರಿಸಿ ವಯಸ್ಸಿನ ಪತ್ರ ಮಾಡಿಸಿ ತಂದಿದ್ದರು. ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದೆ. ಒಂದೊಂದು ಮಾತನ್ನೂ ತೂಗಿ ನೋಡುವವಳು ನಾನು. ತೂಗಿ ಮುಗಿಯುವಷ್ಟರಲ್ಲಿ ಆಡುವ ಹೊತ್ತೇ ಕಳೆದಿರುತ್ತದೆ.

ನಾದಿನಿ ನನ್ನ ಕೈಗೊಂದು ಪೆನ್‌ಡ್ರೈವ್ ಕೊಟ್ಟಳು. "ನಾನು ಮೊದಲು ತೆಗೆದದ್ದು ಇದೇ ಅತ್ತಿಗೆ, ಪುಟ್ಟಿ ಹುಟ್ಟಿದ ದಿನ. ತಾರೀಖು ಆಫ್ ಮಾಡೋದು ಗೊತ್ತಿರ್ಲಿಲ್ಲ, ಮೂಲೇಲಿ ಹಾಗೇ ಉಳ್ಕೊಂಡಿದೆ. ಸಿನಿಮಾ ಕಲಿಯೋಕೆ ಬಂದ ಹೊಸಬರಿಗೆ ತೋರ್ಸಿ, ಹೀಗೆ ಮಾತ್ರ ಮಾಡ್ಬೇಡಿ ಅಂತ ನಗಿಸ್ತಿದ್ದೆ." ಆಮೇಲೆ ದನಿ ತಗ್ಗಿಸಿದಳು. "ಬೇರೆಯವರ ಮನೇಲಿ ನಾನು ಬರೀ ನೋಡ್ತೀನಿ, ಮಧ್ಯೆ ಬಾಯಿ ಹಾಕಲ್ಲ. ಒಬ್ಬ ಎಳೇ ಹುಡುಗಿ ಮದುವೇಲೂ ಹಾಗೇ ನೋಡ್ತಾ ನಿಂತೆ. ಆ ಹುಡುಗಿ ಮದುವೆಯಾದ ವರ್ಷವೇ ಹೆರಿಗೇಲಿ ಹೋದ್ಲು. ಪ್ರಶಸ್ತಿ ಬಂದಿದ್ದು ಆ ಚಿತ್ರಕ್ಕೇ."

ಬೀಗರಾಗುವವರು ಬಂದು ಕೂತರು. "ಹದಿನೆಂಟು ತುಂಬಿದೆ," ಎಂದು ಗಂಡ ಪತ್ರವನ್ನು ಮೇಜಿನ ಮೇಲಿಟ್ಟರು. ನಾನು ಪೆನ್‌ಡ್ರೈವ್ ಸಿಕ್ಕಿಸಿ ಟಿವಿ ಹಾಕಿದೆ.

ಪರದೆಯ ಮೇಲೆ ಆಸ್ಪತ್ರೆಯ ಮಂಚ, ಸುಸ್ತಾಗಿ ನಗುವ ನಾನು, ನನ್ನ ಮಗ್ಗುಲಲ್ಲಿ ಕೆಂಪು ಮುದ್ದೆಯಂಥ ಮಗು. ಮೂಲೆಯಲ್ಲಿ ಹಳದಿ ಅಂಕಿಗಳು. ಹುಡುಗನ ದೊಡ್ಡಪ್ಪ ಬೆರಳು ಮಡಚಿ ಎಣಿಸಿದರು. ಇನ್ನೇನು ಎದ್ದು ಹೋಗುತ್ತಾರೆ ಎಂದುಕೊಂಡೆ.

"ಅಯ್ಯೋ ತಾಯಿ, ಇಷ್ಟೇನಾ?" ಅವರು ನಕ್ಕರು. "ವಯಸ್ಸಿನ ವಿಷಯದಲ್ಲಿ ನಮ್ಮದೇನೂ ತಕರಾರಿಲ್ಲ. ಚಿಕ್ಕವಳಾದಷ್ಟೂ ಹೇಳಿದ ಮಾತು ಕೇಳ್ತಾಳೆ."

ಅತ್ತೆಗೆ ಹೋದ ಜೀವ ಬಂದಂತಾಯಿತು. ಎಲ್ಲರ ಕೈಯೂ ಟೀ ಲೋಟದತ್ತ ಚಾಚಿತು. ನಾದಿನಿ ನನ್ನನ್ನೇ ನೋಡುತ್ತಿದ್ದಳು. ಅವಳ ಕೈಯಲ್ಲಿ ಅಂದು ಕ್ಯಾಮೆರಾ ಇರಲಿಲ್ಲ.

ಆಗ ನಾನು ಮಾತನ್ನು ತೂಗಲಿಲ್ಲ.

"ನನ್ನದಿದೆ ತಕರಾರು," ಎಂದೆ. "ಕಾಗದಕ್ಕೆ ಮೂರು ವರ್ಷ ಸೇರಿಸಬಹುದು, ನನ್ನ ಮಗಳ ಮೈಗೆ ಆಗಲ್ಲ. ನಾನು ಕೊಡಲ್ಲ. ಟೀ ಕುಡಿದು ಹೊರಡಿ."

ಅತ್ತೆ ಇಂದಿಗೂ ನನ್ನೊಡನೆ ಮಾತಾಡುವುದಿಲ್ಲ. ಮಗಳು ಶಾಲೆಗೆ ಹೋಗುತ್ತಿದ್ದಾಳೆ. ಆ ಪತ್ರ ಮಾತ್ರ ಇನ್ನೂ ಗಂಡನ ಬೀರುವಿನಲ್ಲೇ ಇದೆ. ಅದಕ್ಕೇ ಪೆನ್‌ಡ್ರೈವನ್ನು ನಾನೂ ಜೋಪಾನವಾಗಿ ಇಟ್ಟುಕೊಂಡಿದ್ದೇನೆ.