ಪಾಲಾಕ್ಷನ ಫೋನಿನಲ್ಲಿ ಯರ್ರಮ್ಮ

ಮೊಳಕಾಲ್ಮೂರಿನ ಯರ್ರಮ್ಮ ಬೆಳಗ್ಗೆಯಿಂದ ಹೊಸ ರೇಷ್ಮೆ ಸೀರೆಯ ಮಡಿಕೆ ಬಿಚ್ಚಿದ್ದು ಮೂರು ಸಲ, ಮಡಿಸಿದ್ದು ಮೂರು ಸಲ. ನವಿಲಿನ ಸೆರಗು ಅವಳದೇ ಕಲ್ಪನೆ, ಅವಳದೇ ನೇಯ್ಗೆ. ಹುಬ್ಬಳ್ಳಿಯ ಸೀರೆ ಅಂಗಡಿಯ ಪ್ರೇಮಲತಾ ಅದನ್ನು ಫೋನಿನ ವಿಡಿಯೋ ಸಭೆಯಲ್ಲಿ ನೋಡುವುದು ಇವತ್ತೇ, ಅದೂ ಹನ್ನೊಂದೂವರೆಯೊಳಗೆ. ಹೋದ ವಾರದ ಸಭೆಗೆ ಯಾರೋ ಪೋಲಿಗಳು ನುಗ್ಗಿ, ನೋಡಬಾರದ ಚಿತ್ರ ತೋರಿಸಿ ಎಲ್ಲ ಕೆಡಿಸಿದ್ದರು. ಇನ್ನೊಂದೇ ಸಲ ನೋಡ್ತೀನಿ, ಆಮೇಲೆ ನಿಮ್ಮ ಸಹವಾಸ ಬೇಡ ಎಂದು ಪ್ರೇಮಲತಾ ಕಡ್ಡಿ ಮುರಿದ ಹಾಗೆ ಹೇಳಿದ್ದಳು.

ಅದಕ್ಕೇ ಚಳ್ಳಕೆರೆಯಲ್ಲಿ ಕೂತು ಸಭೆ ನಡೆಸುವ ಸೌಂದರ್ಯ, ನೇಕಾರ ಸಂಘಕ್ಕೆ ಸೇರಿ ತಿಂಗಳೂ ಆಗದ ಹುಡುಗಿ, ಈಗ ಬಾಗಿಲು ಕಾಯುತ್ತಿದ್ದಳು. ಬಂದವರು ಪರದೆಯ ಮೇಲೆ ಕಾಣುವ ಹೆಸರನ್ನು ಬಾಯಿಬಿಟ್ಟು ಹೇಳಬೇಕು, ಆಮೇಲೇ ಅವಳು ಅವರ ಕ್ಯಾಮೆರಾ ತೆರೆಯಲು ಬಿಡುವುದು. ಸುಮ್ಮನಿದ್ದರೆ ಅದು ಮನುಷ್ಯರಲ್ಲ, ಯಂತ್ರ ಎಂದು ಸಭೆಯಿಂದ ಆಚೆಗೆ.

ಯರ್ರಮ್ಮನ ಕೈಲಿದ್ದದ್ದು ಗಂಡನ ಫೋನು, ಅದರಲ್ಲಿ ಕಾಣುವುದೂ ಗಂಡನ ಹೆಸರು. ಮದುವೆಯಾದ ನಲವತ್ತು ವರ್ಷದಲ್ಲಿ ಅದನ್ನವಳು ಒಮ್ಮೆಯೂ ಬಾಯಿಬಿಟ್ಟು ಹೇಳಿರಲಿಲ್ಲ. ರೇಷನ್ ಕಾರ್ಡಿನವರು ಕೇಳಿದಾಗಲೂ ಪಕ್ಕದವಳ ಕೈಲಿ ಹೇಳಿಸಿದ ಹೆಂಗಸು. ಬಾಯಿ ಕಟ್ಟಿ ಕೂತಳು. ಸೌಂದರ್ಯ ಅವಳನ್ನು ಹೊರಗೆ ಹಾಕಿದಳು. ಯರ್ರಮ್ಮ ಮತ್ತೆ ಸಭೆಗೆ ಸೇರುವ ಗುಂಡಿ ಒತ್ತಿದಳು.

"ನಾನು ಯರ್ರಮ್ಮ ಕಣವ್ವ. ಇದು ನಮ್ಮನೆಯವ್ರ ಫೋನು."

"ಹೋದ್ವಾರ ಒಬ್ಳು ನಮ್ ಸಂಘದ ಕೆಂಚಕ್ಕ ಅಂತ ಸುಳ್ಳು ಹೇಳ್ಕಂಡೇ ನುಗ್ಗಿದ್ಲು. ಇಲ್ಲಿ ಕಾಣೋ ಹೆಸ್ರೇ ಹೇಳ್ರಿ. ಮೇಡಂ ಎದ್ದೋಗಕೆ ಐದೇ ನಿಮಿಷ ಐತೆ."

ಒಳಕೋಣೆಯಲ್ಲಿ ಗಂಡನ ಮಗ್ಗ ಲಟಲಟ ಎನ್ನುತ್ತಿತ್ತು. ರೀ ಎಂದು ಕೂಗಿದಳು, ಏನ್ರೀ ಎಂದು ಕೂಗಿದಳು. ಆ ಸದ್ದಿನಲ್ಲಿ ಅವನಿಗೆಲ್ಲಿ ಕೇಳಬೇಕು? ಎದ್ದು ಹೋಗೋಣವೆಂದರೆ ಹಾಳು ಫೋನು, ಚಾರ್ಜರಿನಿಂದ ಕಿತ್ತರೆ ಆರಿಹೋಗುತ್ತದೆ. ಸೌಂದರ್ಯ ಇದೇ ಕೊನೇ ಸಲ ಎಂದಳು.

"ಪಾಲಾಕ್ಷ," ಎಂದು ಗಂಟಲು ಕಿತ್ತುಹೋಗುವಂತೆ ಅರಚಿದಳು ಯರ್ರಮ್ಮ.

ಮಗ್ಗ ನಿಂತಿತು. ಕ್ಯಾಮೆರಾ ತೆರೆಯಿತು. ಪಾಲಾಕ್ಷ ಹೊಸ್ತಿಲಿಗೆ ಬಂದು, ಕರೆದವರು ಯಾರೆಂದು ಮೂಲೆಮೂಲೆಗೂ ಕಣ್ಣಾಡಿಸಿದ. ಮನೆಯಲ್ಲಿ ಇನ್ಯಾರೂ ಇರಲಿಲ್ಲ.

"ಯಾರೇ ಕೂಗಿದ್ದು?"

"ಆಮೇಲೆ ಬೈಯೀರಂತೆ," ಎಂದಳು ಯರ್ರಮ್ಮ, ಅವನತ್ತ ತಿರುಗದೆ. "ಈ ಸೆರಗಿನ ತುದಿ ಹಿಡ್ಕಳ್ರಿ, ನವಿಲು ಪೂರ್ತಿ ಕಾಣ್ಬೇಕು."