ಸನ್ನದಿನ ಒಂದು ಪದ

ಪರದೇಶದ ದೊರೆಗಳು ಹೋಗಿ ಹೊಸ ಸರ್ಕಾರ ಬಂದ ಮೂರನೆಯ ವರ್ಷ, ಅವರು ಬರೆದುಕೊಟ್ಟಿದ್ದ ಜಮೀನಿನ ಸನ್ನದುಗಳೆಲ್ಲ ತಪಾಸಣೆಗೆ ಬಂದವು. ಶಾಶ್ವತವಾಗಿ ಕೊಟ್ಟ ಭೂಮಿಯಾದರೆ ಆಳುವವರು ಬದಲಾದರೂ ಪಡೆದವರಿಗೇ ಉಳಿಯುತ್ತಿತ್ತು. ಬರೀ ಅನುಭವಿಸಲು ಬಿಟ್ಟದ್ದಾದರೆ ಸರ್ಕಾರಕ್ಕೆ ಸೇರುತ್ತಿತ್ತು. ಆ ದೊರೆಗಳ ಭಾಷೆಯನ್ನು ಓದಬಲ್ಲವನು ಇಡೀ ಕಚೇರಿಗೆ ಒಬ್ಬನೇ, ತರ್ಜುಮೆದಾರ.

ಒಂದು ಸೋಮವಾರ ಅವನ ಮೇಜಿಗೆ ಬಂದ ಸನ್ನದು ಅವನ ಷಡ್ಡಕನದು. ಹೆಂಡತಿಯ ತಂಗಿಯ ಗಂಡ. ಹೊಳೆದಂಡೆಯಲ್ಲಿ ಹನ್ನೆರಡು ಎಕರೆ, ಅದರಲ್ಲೊಂದು ಇಟ್ಟಿಗೆ ಗೂಡು. ಮಾವನಿಗೆ ಹಲ್ಲುನೋವು ಬಂದರೂ ಸಲಹೆ ಕೇಳುತ್ತಿದ್ದದ್ದು ಇಟ್ಟಿಗೆ ಗೂಡಿನ ಅಳಿಯನನ್ನೇ. ತರ್ಜುಮೆದಾರ ಎರಡು ಭಾಷೆ ಅರೆದು ಕುಡಿದವನೆಂಬುದು ಆ ಮನೆಯಲ್ಲಿ ಯಾರಿಗೂ ಲೆಕ್ಕಕ್ಕಿರಲಿಲ್ಲ. ಹೆಂಡತಿಯೂ ಅಷ್ಟೇ. "ತಂಗಿ ಮನೇಲಿ ಹೊಸ ಅಡುಗೆಮನೆ ಕಟ್ಟಿದಾರೆ, ಎರಡು ಕಿಟಕಿಯಂತೆ" ಎಂದು ಅವಳು ಹೇಳಿದ ದಿನ ಅವನು ಅರ್ಧ ಊಟಕ್ಕೇ ಎದ್ದಿದ್ದ.

ಮಧ್ಯಾಹ್ನ ಷಡ್ಡಕನೇ ಕಚೇರಿಗೆ ಬಂದ. ಚಪ್ಪಲಿಯಲ್ಲಿ ಕೆಂಪು ಧೂಳು, ಮುಖದಲ್ಲಿ ನಗು.

"ಅಣ್ಣಾ, ಓದೋರು ನೀವು ಅಂತ ಗೊತ್ತಾದ ಮೇಲೆ ವಕೀಲರೂ ಬೇಡ ಅಂದ್ಬಿಟ್ಟೆ."

ಆ ನಂಬಿಕೆಯೂ ತರ್ಜುಮೆದಾರನ ಮೈ ಉರಿಸಿತು. ಎಷ್ಟು ನಿಶ್ಚಿಂತೆಯ ಜೀವ. ಅವನು ಹೋದ ಮೇಲೆ ಸನ್ನದು ಬಿಡಿಸಿದ. 'ವಂಶಪಾರಂಪರ್ಯವಾಗಿ ಕೊಟ್ಟಿದೆ' ಎಂದು ಸ್ಪಷ್ಟವಾಗಿತ್ತು. 'ಅನುಭವಿಸಲು ಬಿಟ್ಟಿದೆ' ಎಂದು ಬರೆದ. ಅಂದು ಹೊಟ್ಟೆ ತುಂಬ ಉಂಡ.

ಎಂಟು ದಿನ ಕಳೆದು ಮೇಲಧಿಕಾರಿ ಅವನನ್ನು ಕರೆಸಿದರು. ಕಡತದ ಮೇಲಿಂದ ಕಣ್ಣೆತ್ತದ ಹೆಂಗಸು.

"ನನಗೆ ಓದೋಕೆ ಬರದಿದ್ರೂ ಅಕ್ಷರ ಪಕ್ಕಪಕ್ಕ ಇಟ್ಟು ನೋಡಿದೆ, ಇದೇ ಪದ ಇನ್ನೂ ನೂರಾ ನಲವತ್ತು ಸನ್ನದಲ್ಲಿದೆ. ಅಲ್ಲೆಲ್ಲ 'ಕೊಟ್ಟಿದೆ' ಅಂತ ಬರೆದಿದ್ದೀರಿ, ಇಲ್ಲಿ 'ಬಿಟ್ಟಿದೆ' ಅಂತ. ಇದು ಸರಿಯಾದ್ರೆ ಅವೆಲ್ಲ ರದ್ದು ಮಾಡ್ಬೇಕಾಗುತ್ತೆ. ಯಾವುದು ಸರಿ, ನೀವೇ ಹೇಳಿ."

ತೆರೆದ ಬಾಗಿಲಾಚೆ ಬೆಂಚಿನ ಮೇಲೆ ಜನ ಕೂತಿದ್ದರು. ಅವರಲ್ಲಿ ಅವನ ಇಬ್ಬರು ಮಕ್ಕಳ ಹೆರಿಗೆ ಮಾಡಿಸಿದ ಸೂಲಗಿತ್ತಿಯಿದ್ದಳು, ಮಡಿಲಲ್ಲಿ ಬಟ್ಟೆ ಸುತ್ತಿದ ಸನ್ನದು. ಅವನನ್ನು ಕಂಡು ತಲೆಯಾಡಿಸಿದಳು.

'ಈಗ ಬರೆದದ್ದೇ ಸರಿ' ಎಂದುಬಿಟ್ಟರೆ ಕೇಳುವವರಿರಲಿಲ್ಲ. ಷಡ್ಡಕನ ಗೂಡು ತಣ್ಣಗಾಗುತ್ತಿತ್ತು. ಮಾತು ನಾಲಿಗೆಯ ತುದಿಯವರೆಗೂ ಬಂತು. ಆದರೆ ಅವನು ಹೇಳಿದ್ದು ಬೇರೆ.

"ಹಳೇದೇ ಸರಿ, ಮೇಡಂ. ಇದು ನನ್ನ ಷಡ್ಡಕನದು. ಗೊತ್ತಿದ್ದೇ ತಪ್ಪು ಬರೆದೆ."

"ಯಾಕೆ?"

"ಹೊಟ್ಟೆಕಿಚ್ಚು."

ಅವರು ಮೊದಲ ಸಲ ಕಣ್ಣೆತ್ತಿ ನೋಡಿದರು. "ಇದನ್ನೂ ಬರೆದುಕೊಡಿ" ಎಂದರು.

ಸನ್ನದುಗಳೆಲ್ಲ ಊರ್ಜಿತವಾದವು. ತರ್ಜುಮೆದಾರನನ್ನು ಟಪಾಲು ವಿಭಾಗಕ್ಕೆ ಹಾಕಿದರು; ಅಲ್ಲಿ ಲಕೋಟೆಗೆ ಅಂಟು ಹಚ್ಚುವುದಕ್ಕೆ ಎರಡು ಭಾಷೆ ಬೇಕಿರಲಿಲ್ಲ.

ಸುದ್ದಿ ತಿಳಿದು ಷಡ್ಡಕ ಮನೆಗೆ ಬಂದ. ಬಯ್ಯಲಿ, ಎರಡು ಬಾರಿಸಲಿ ಎಂದು ತರ್ಜುಮೆದಾರ ಕಾದು ಕೂತ. ಹಾಗಾದರೆ ಇಬ್ಬರೂ ಸಮಸಮ. ಷಡ್ಡಕ ಚಪ್ಪಲಿ ಬಿಟ್ಟು ಬಂದು ಎದುರಿಗೆ ಕೂತ.

"ಬೇಜಾರಾಯ್ತು ಅಣ್ಣಾ, ಸುಳ್ಳು ಹೇಳಲ್ಲ. ಆದ್ರೆ ಕೆಲಸ ಹೋಗ್ಬಹುದು ಅಂತ ಗೊತ್ತಿದ್ದೂ ನಿಜ ಹೇಳಿದ್ರಲ್ಲ. ಅದು ನನ್ನ ಕೈಲಿ ಆಗ್ತಿತ್ತೋ ಇಲ್ವೋ."

ಅವನು ಕಾಫಿ ಕುಡಿದು ಹೊರಟ. ಹೆಂಡತಿ ಬಾಗಿಲಲ್ಲೇ ನಿಂತು ಕಣ್ಣೊರೆಸಿಕೊಂಡಳು. "ಎಂಥಾ ದೊಡ್ಡ ಮನಸ್ಸು ಅವರದು."

ತರ್ಜುಮೆದಾರ ಹೌದೆಂದ. ಅದು ನಿಜವೂ ಆಗಿತ್ತು. ಹನ್ನೆರಡು ಎಕರೆ ಸಾಲದೆಂದು ಇದೂ ಅವನಿಗೇ ಬೇಕಿತ್ತೇ ಎಂದುಕೊಳ್ಳುತ್ತ, ಖಾಲಿ ಲೋಟಗಳನ್ನು ಒಳಗೆ ಒಯ್ದ.