ಅಕ್ಕನ ಪ್ರಶ್ನೆ

ಕನ್ನಡಕದಂಗಡಿಯ ಮೇಲಿನ ಗೂಡಿನಿಂದ ಫ್ರೇಮುಗಳ ಡಬ್ಬ ಇಳಿಸಲು ಹೋಗಿ ಏಣಿಯಿಂದ ಬಿದ್ದ ತಂಗಿ, ತಲೆಯ ಗಾಯ ಮಾಗಿದರೂ ಮಾತಾಡಲಿಲ್ಲ. ಕಣ್ಣು ತೆರೆಯುತ್ತಿದ್ದಳು, ಬಾಯಿಗಿಟ್ಟ ಗಂಜಿ ನುಂಗುತ್ತಿದ್ದಳು. ಆದರೆ ಆ ಕಣ್ಣಿನ ಹಿಂದೆ ಯಾರೂ ಇದ್ದಂತೆ ಕಾಣುತ್ತಿರಲಿಲ್ಲ. ಗಿರಾಕಿ ಕನ್ನಡಿ ನೋಡಿಕೊಳ್ಳುವಷ್ಟರಲ್ಲಿ ಅವರ ಮನೆಯ ಮೂರು ತಲೆಮಾರಿನ ಸಮಾಚಾರ ಕೇಳಿ ಮುಗಿಸುತ್ತಿದ್ದ ಹೆಂಗಸು ಆಕೆ. ಅಂಗಡಿ ನಡೆಸುತ್ತಿದ್ದ ಗಂಡನಿಗೆ ಆ ಮೌನ ಸಹಿಸಲಾಗಲಿಲ್ಲ.

ಆಸ್ಪತ್ರೆಯ ಹಿಂದಿನ ಕಟ್ಟಡದಲ್ಲಿ ಮರುನುಡಿ ವಿಜ್ಞಾನ ಎಂಬ ಹೊಸ ವಿಭಾಗವಿತ್ತು. ಅಲ್ಲಿನ ಡಾಕ್ಟರಮ್ಮ ಅವನನ್ನು ಕೂರಿಸಿಕೊಂಡು ಬಿಡಿಸಿ ಹೇಳಿದರು.

"ಮಗು ತಾನಾಗೇ 'ನಾನು' ಅಂತ ಕಲಿಯಲ್ಲ. ಯಾರೋ 'ನೀನು' ಅಂತ ಕರೀತಾರೆ. ಅದಕ್ಕೆ ಓಗೊಡ್ತಾ ಓಗೊಡ್ತಾ ಒಳಗಿರೋ 'ನಾನು' ಎಚ್ಚರ ಆಗುತ್ತೆ. ಅರಿವು ಅಂದ್ರೆ ಓಗೊಡೋದು ಅಂತಲೇ ನಮ್ಮ ನಂಬಿಕೆ. ಉತ್ತರ ಸಿಗದ ಪ್ರಶ್ನೆ ಮಿದುಳಲ್ಲಿ ಬೂದಿ ಮುಚ್ಚಿದ ಕೆಂಡದ ಹಾಗೆ ಉಳಿದಿರುತ್ತೆ. ಇವರಲ್ಲೂ ಅಂಥದ್ದೊಂದು ಕಾಣ್ತಿದೆ. ಕೇಳಿದವರೇ ಬಂದು ಮತ್ತೆ ಕೇಳ್ಬೇಕು."

"ಕೇಳಿದ್ರೆ ಎದ್ದೇಳ್ತಾಳಾ?"

"ಕೆಲವರು ಎದ್ದಿದ್ದಾರೆ, ಕೆಲವರು ಇಲ್ಲ. ಸುಳ್ಳು ಆಸೆ ಕೊಡಲ್ಲ."

ತಂಗಿಯ ತಲೆಗೆ ತಂತಿಗಳ ಟೋಪಿ ಹಾಕಿದರು. ಪರದೆಯ ಮೇಲೆ ಹಸಿರು ಗೆರೆಯೊಂದು ಮಲಗಿತ್ತು. ಗಂಡ ನೆನಪಿದ್ದದ್ದನ್ನೆಲ್ಲ ಕೇಳಿ ನೋಡಿದ. ಕೊನೆಗೆ ನರ್ಸ್ ಎದುರಿಗೇ ನಾಚುತ್ತ, "ನನ್ನ ಕಟ್ಕೊಂಡು ಸುಖವಾಗಿದ್ದೀಯೇನೇ?" ಎಂದ. ಗೆರೆ ಅಲುಗಲಿಲ್ಲ. ಅವನ ಮುಖ ಸಣ್ಣದಾಯಿತು.

"ಅದಕ್ಕೆ ಅವರು ಯಾವತ್ತೋ ಉತ್ತರ ಕೊಟ್ಟಿದ್ದಾರೆ, ಬಿಡಿ" ಎಂದರು ಡಾಕ್ಟರಮ್ಮ, ಮೆಲ್ಲಗೆ.

ಉಳಿದವಳು ಅಕ್ಕ ಒಬ್ಬಳೇ. ಸಿಟಿ ಬಸ್ಸು ಓಡಿಸುತ್ತಿದ್ದ ಆಕೆಯನ್ನು ಅವಳ ದೊಡ್ಡ ಗಂಟಲಿಗಾಗಿ ಡಿಪೋದಲ್ಲಿ ಎಲ್ಲರೂ ಹಾರ್ನ್ ಅಕ್ಕ ಎನ್ನುತ್ತಿದ್ದರು. ಎರಡು ಬಸಿರು ಇಳಿದ ಮೇಲೆ ಮೂರನೆಯದನ್ನು ಉಳಿಸಿಕೊಳ್ಳಲು ಅವಳು ಹಾಸಿಗೆ ಹಿಡಿದಿದ್ದಾಗ ತಾಯಿ ಕಾಯಿಲೆ ಬಿದ್ದು ತೀರಿಕೊಂಡಿದ್ದರು. ಹೆರಿಗೆಯಾಗುವವರೆಗೂ ಯಾರೂ ಅವಳಿಗೆ ತಿಳಿಸಿರಲಿಲ್ಲ. ತಿಳಿದ ದಿನ ತಂಗಿಯ ಬಾಗಿಲಲ್ಲಿ ನಿಂತು ಒಂದೇ ಪ್ರಶ್ನೆ ಕೇಳಿದಳು. ತಂಗಿ ತಲೆ ತಗ್ಗಿಸಿದಳೇ ಹೊರತು ಬಾಯಿ ಬಿಡಲಿಲ್ಲ. ಅಂದಿನಿಂದ ಹೋಗಿಬರುವುದು ನಿಂತಿತ್ತು. ಆಗ ಹುಟ್ಟಿದ ಮಗಳು ಈಗ ಶಾಲೆಗೆ ಹೋಗುತ್ತಿದ್ದಳು.

ತಂಗಿಯ ಗಂಡ ಡಿಪೋಗೆ ಹೋದಾಗ ಅಕ್ಕ ಬಸ್ಸಿನ ಮುಂದಿನ ಗಾಜು ಒರೆಸುತ್ತಿದ್ದಳು.

"ಅವಳ ಮನೆ ಹೊಸ್ತಿಲು ತುಳಿಯಲ್ಲ ಅಂದಿದ್ದೀನಲ್ಲಪ್ಪ."

"ಮನೆಗಲ್ಲ ಅತ್ತಿಗೆ. ಆಸ್ಪತ್ರೆಗೆ."

ಒರೆಸುತ್ತಿದ್ದ ಕೈ ಅಲ್ಲೇ ನಿಂತಿತು.

ಸಮವಸ್ತ್ರದಲ್ಲೇ ಬಂದಳು. ತಂಗಿಯ ಬೋಳಿಸಿದ ತಲೆ ಕಂಡದ್ದೇ ಇಷ್ಟು ದಿನ ಕಾಪಿಟ್ಟುಕೊಂಡು ಬಂದ ಸಿಟ್ಟು ಸೋರಿಹೋಯಿತು. "ಇದೇನೇ ಹೀಗೆ ಮಾಡ್ಕೊಂಡೆ?" ಎಂದು ಕೈ ಹಿಡಿದಳು. ಗೆರೆ ಮಲಗಿಯೇ ಇತ್ತು.

"ಅವತ್ತು ಕೇಳಿದ್ದನ್ನ ಕೇಳ್ಬೇಕಮ್ಮ" ಎಂದರು ಡಾಕ್ಟರಮ್ಮ.

"ಬಿದ್ದೋಳ ಮೇಲೆ ಕಲ್ಲು ಎತ್ತಿ ಹಾಕ್ಲಾ?"

"ಬೇಡ ಅನ್ನಿಸಿದ್ರೆ ಬೇಡ. ಬಲವಂತ ಇಲ್ಲ."

ಅಕ್ಕ ಸ್ಟೂಲನ್ನು ಮಂಚದ ಹತ್ತಿರಕ್ಕೆ ಎಳೆದುಕೊಂಡು ಕೂತಳು. ಆಮೇಲೆ ಜೋಗುಳ ಹಾಡುವವಳಂತೆ ಮೆತ್ತಗೆ ಶುರುಮಾಡಿದಳು. "ಅಮ್ಮ ಸಾಯ್ತಿದ್ದಾಳೆ ಅಂತ ನನಗೆ ಹೇಳ್ಬಾರ್ದು ಅಂತ..." ಅಷ್ಟರಲ್ಲಿ ಹಳೆಯ ಸಂಕಟಕ್ಕೆ ದನಿ ಏರಿತು. "ತೀರ್ಮಾನ ಮಾಡಿದ್ದು ಯಾರೇ? ಹೇಳೇ! ಯಾರು?"

ಹಸಿರು ಗೆರೆ ಎದ್ದು ನಿಂತಿತು. ತಂಗಿಯ ತುಟಿ ಅದುರಿತು.

"ಅಮ್ಮ."

"ಪಾಪ, ನೋವಾಗ್ತಿದೆ" ಎಂದು ನರ್ಸ್ ಓಡಿ ಬಂದಳು. ನೋವಾದಾಗ ಅಮ್ಮಾ ಎನ್ನದವರು ಯಾರು? ಅದು ನೋವಿನ ಕೂಗೋ, ಉತ್ತರವೋ ಡಾಕ್ಟರಮ್ಮನಿಗೂ ತಿಳಿಯಲಿಲ್ಲ.

ಅಕ್ಕ ನರ್ಸ್‌ನ ಕೈ ಹಿಡಿದು ತಡೆದಳು. "ನೋವಲ್ಲ ಸಿಸ್ಟರ್. ತೀರ್ಮಾನ ಮಾಡಿದ್ದು ಯಾರು ಅಂತ ನಾನು ಕೇಳ್ದೆ, ಅವಳು ಅಮ್ಮ ಅಂದ್ಲು. ಬೇಡ ಅಂದಿದ್ದು ಅಮ್ಮನೇ."

ತಂಗಿಯ ಕಣ್ಣು ಹೊರಳಿ, ಹುಡುಕಿ, ಅಕ್ಕನ ಮುಖದ ಮೇಲೆ ನಿಂತು ತುಂಬಿಕೊಂಡವು.

ಮಾತು ಒಮ್ಮೆಲೇ ಬರಲಿಲ್ಲ. ನೀರು, ಸಾಕು, ಬಿಸಿ ಎಂದು ಒಂದೊಂದೇ ಬಂತು. ಅಕ್ಕ ದಿನವೂ ಕೆಲಸ ಮುಗಿಸಿ ಬಂದು ತಿದ್ದುತ್ತಿದ್ದಳು. ಒಂದು ಸಂಜೆ, "ಆಮೇಲಾದ್ರೂ ಹೇಳ್ಬಹುದಿತ್ತಲ್ಲೇ?" ಎಂದಳು.

ತಂಗಿ ಪದಗಳಿಗಾಗಿ ತಡಕಾಡಿದಳು. "ಹೇಳಿದ್ರೆ... ಮಗು... ನೋಡಿದಾಗೆಲ್ಲ... ಅಳ್ತಿದ್ದೆ. ನೀನು."

ತನ್ನ ಸಲುವಾಗಿ ಅಜ್ಜಿ ಮಗಳ ಮುಖ ನೋಡದೆ ಹೋದಳೆಂಬ ಭಾರ ಮಗುವಿನ ಮೇಲೆ ಬೀಳದಿರಲೆಂದು ಇವಳೇ ಕೆಟ್ಟವಳಾಗಿ ಉಳಿದಿದ್ದಳು. ಅಕ್ಕನಿಗೆ ಅರ್ಥವಾಯಿತು. ತಂಗಿಯ ಹೊದಿಕೆಯನ್ನು ಎಳೆದೆಳೆದು ಸರಿಮಾಡಿದಳು.

ಪ್ರಶ್ನೆ ಕೇಳದಿದ್ದರೂ ಆಕೆ ಎಚ್ಚರಗೊಳ್ಳುತ್ತಿದ್ದಳೇನೋ, ಖಚಿತವಾಗಿ ಹೇಳಲಾಗದು ಎಂದರು ಡಾಕ್ಟರಮ್ಮ. ಗಂಡ, "ಏನಾದ್ರೂ ಆಗ್ಲಿ ಡಾಕ್ಟ್ರೇ, ಎದ್ಲಲ್ಲ" ಎಂದು ಕೈಮುಗಿದ.

ಮರುದಿನ ಅಕ್ಕ ಮಗಳನ್ನು ಕರೆತಂದಳು. ಹುಡುಗಿ ಬಾಗಿಲಲ್ಲೇ ನಿಂತು, "ನೀವು ನನ್ನ ಚಿಕ್ಕಮ್ಮನಾ?" ಎಂದಳು.

"ಹೂಂ" ಎಂದ ತಂಗಿ, ಕಷ್ಟಪಟ್ಟು ಗೋಡೆಯ ಕಡೆ ಸರಿದು, ಹಾಸಿಗೆಯ ಮೇಲೆ ಜಾಗ ಮಾಡಿದಳು. "ಬಾ."

"ಶೂ ಬಿಚ್ಚಿ ಹತ್ತೇ!" ಎಂದು ಅಕ್ಕ ಕೂಗಿದ್ದು ವಾರ್ಡಿಗೆಲ್ಲ ಕೇಳಿಸಿತು.